ಈ ವಾರದ ಚರ್ಚೆ: ಎಮ್ಮಾ ಥಾಂಪ್ಸನ್

ಸದಸ್ಯರ ಗಮನಕ್ಕೆ: ಈ ವಾರ ಎಮ್ಮಾ ಥಾಂಪ್ಸನ್ ಅವರ ನಟನೆಗಿಂತ ಹೆಚ್ಚಾಗಿ ಅವರ ಚಿತ್ರಕಥಾ ಬರವಣಿಗೆಯನ್ನು ಕುರಿತು ಚರ್ಚಿಸಲಿದ್ದೇವೆ. 1959ರಲ್ಲಿ ಲಂಡನ್ನಿನಲ್ಲಿ ಹುಟ್ಟಿ, ಕೇಂಬ್ರಿಜ್‌ನ ವಿದ್ಯಾರ್ಥಿ ನಾಟಕ ತಂಡದಲ್ಲಿ ಪಳಗಿದ ಅವರು, 1987ರ ಎರಡು ಬಿಬಿಸಿ ಧಾರಾವಾಹಿಗಳ ಅಭಿನಯಕ್ಕೆ ಬಾಫ್ಟಾ ಪ್ರಶಸ್ತಿ ಪಡೆದರು. ಜೇನ್ ಆಸ್ಟಿನ್ ಅವರ 'ಸೆನ್ಸ್ ಅಂಡ್ ಸೆನ್ಸಿಬಿಲಿಟಿ' ಕಾದಂಬರಿಯನ್ನು ತೆರೆಗೆ ತರಲು ವರ್ಷಗಟ್ಟಲೆ ತಿದ್ದಿ ತಿದ್ದಿ ಬರೆದರು. ಕಂಪ್ಯೂಟರ್ ಕೈಕೊಟ್ಟು ಕಡತವೇ ಕಾಣೆಯಾದಾಗ, ಗೆಳೆಯ ಸ್ಟೀಫನ್ ಫ್ರೈ ಗಂಟೆಗಟ್ಟಲೆ ಕುಳಿತು ಅದನ್ನು ಹುಡುಕಿಕೊಟ್ಟರಂತೆ. 'ಹೋವರ್ಡ್ಸ್ ಎಂಡ್' ಚಿತ್ರದ ನಟನೆಗೆ ಅದಾಗಲೇ ಆಸ್ಕರ್ ಪಡೆದಿದ್ದ ಅವರಿಗೆ 1996ರಲ್ಲಿ 'ಸೆನ್ಸ್ ಅಂಡ್ ಸೆನ್ಸಿಬಿಲಿಟಿ' ಚಿತ್ರಕಥೆಗೂ ಆಸ್ಕರ್ ಸಂದಿತು. ನಟನೆ, ಬರವಣಿಗೆ ಎರಡಕ್ಕೂ ಅದನ್ನು ಗೆದ್ದವರು ಬೇರೊಬ್ಬರಿಲ್ಲ. ಸದಸ್ಯರು ಚಿತ್ರವನ್ನು ಮುಂಚಿತವಾಗಿ ನೋಡಿ, ಬರೆದವರೇ ಅಭಿನಯಿಸಿದ ಎಲಿನರ್ ಪಾತ್ರ ಕೊನೆಯಲ್ಲಿ ಬಿಕ್ಕಿ ಅಳುವ ದೃಶ್ಯಕ್ಕೆ ಎಷ್ಟು ಕಡಿಮೆ ಮಾತು ಬರೆಯಲಾಗಿದೆ ಎಂಬುದನ್ನು ವಿಶೇಷವಾಗಿ ಗಮನಿಸಿ, ತಮ್ಮ ಅಭಿಪ್ರಾಯವನ್ನು ಗುಂಪಿನಲ್ಲಿ ಬರೆಯಬೇಕೆಂದು ಕೋರುತ್ತೇವೆ.