ಕರಣೆ ಹಿಡಿದ ದೇವತಾಶಾಸ್ತ್ರಜ್ಞ

ಸಂಪಾದಕರೇ, ಯುದ್ಧದ ಬಗ್ಗೆ ಇಷ್ಟೊಂದು ಲೇಖನ ಬರ್ತಿದೆ, ಯುದ್ಧವೇ ಬೇಡ ಅನ್ನೋ ಅಮೆರಿಕದ ಕ್ರೈಸ್ತ ದೇವತಾಶಾಸ್ತ್ರಜ್ಞ ಸ್ಟ್ಯಾನ್ಲಿ ಹೌವರ್‌ವಾಸ್ ಹೆಸರು ಮಾತ್ರ ಎಲ್ಲೂ ಕಾಣಲಿಲ್ಲ ಅದಕ್ಕೇ ಬರೀತಿದೀನಿ. 1940ರಲ್ಲಿ ಟೆಕ್ಸಾಸ್‌ನಲ್ಲಿ ಹುಟ್ಟಿದೋರು, ಅಪ್ಪ ಇಟ್ಟಿಗೆ ಕಟ್ಟೋ ಮೇಸ್ತ್ರಿ, ಇವರೂ ಹುಡುಗರಾಗಿದ್ದಾಗ ಇಟ್ಟಿಗೆ ಹೊತ್ತೋರೇ, ಆಮೇಲೆ ಯೇಲ್‌ನಲ್ಲಿ ಓದಿ ಡ್ಯೂಕ್ ಯೂನಿವರ್ಸಿಟೀಲಿ ಪಾಠ ಮಾಡಿದ್ರು. ಒಳ್ಳೆಯವನಾಗೋದೂ ಗಾರೆ ಕೆಲಸದ ಥರಾನೇ ಅಂತಾರೆ, ಕರಣೆ ಹಿಡಿಯೋದು ಪುಸ್ತಕ ಓದಿದ್ರೆ ಬರಲ್ಲ, ಗೊತ್ತಿರೋರ ಪಕ್ಕ ನಿಂತು ಕೈ ಪಳಗಬೇಕು, ಚರ್ಚ್ ಇರೋದೇ ಅದಕ್ಕೆ ಅಂತ. 2001ರಲ್ಲಿ ಟೈಮ್ ಪತ್ರಿಕೆ ಅಮೆರಿಕದ ಅತ್ಯುತ್ತಮ ದೇವತಾಶಾಸ್ತ್ರಜ್ಞ ಅಂದಾಗ, ಅತ್ಯುತ್ತಮ ಅನ್ನೋದು ದೇವತಾಶಾಸ್ತ್ರದ ಮಾತೇ ಅಲ್ಲ ಅಂದ್ಬಿಟ್ರು (ನನಗೆ ಭಾಳ ಹಿಡಿಸ್ತು). ಅದೇ ವರ್ಷ ಅಮೆರಿಕದ ಮೇಲೆ ಸೆಪ್ಟೆಂಬರ್ 11ರ ಭಯೋತ್ಪಾದಕ ದಾಳಿ ಆದ್ಮೇಲೆ ದೇಶಕ್ಕೆ ದೇಶವೇ ಯುದ್ಧ ಅಂತಿದ್ದಾಗ್ಲೂ ಇವರು ಅಹಿಂಸೆ ಬಿಡಲಿಲ್ಲ. ಹಿಟ್ಲರ್ ಅಂಥೋನು ಎದುರಾದ್ರೆ ಏನ್ಮಾಡೋದು ಅನ್ನೋದಕ್ಕೆ ಅವರ ಉತ್ತರ ನನಗಿನ್ನೂ ಸಾಲದು, ಆದ್ರೂ ಒಂದು ಲೇಖನ ಹಾಕಿ ಸಾರ್.