ಮಕ್ಕಳ ಮೂತ್ರ ಪರೀಕ್ಷೆಗೆ, ಬಸ್ ಚಾರ್ಜಿಗೆ, ಶಾಲೆಯ ಶೌಚಾಲಯಕ್ಕೆ ನಿಮ್ಮ ಕೈಲಾದಷ್ಟು ಕೊಡಿ

ಎಲ್ಲರಿಗೂ ನಮಸ್ಕಾರ.

ನಮ್ಮ ದೇವಸ್ಥಾನದ ಸೇವಾ ಸಮಿತಿಯಿಂದ ಮನವಿ ಬಂತು ಅಂದರೆ ಅದು ರಥೋತ್ಸವಕ್ಕೋ, ಅನ್ನಸಂತರ್ಪಣೆಗೋ, ಸೋರುವ ಮಾಡಿಗೋ ಇರುತ್ತದೆ. ಈ ಸಲ ಹಾಗಲ್ಲ. ಚಿಕ್ಕ ಮಕ್ಕಳಿಗೆ ಆಗುವ ಮೂತ್ರದ ಸೋಂಕು, ಮತ್ತೆ ಕೆಲವು ಮಕ್ಕಳಿಗೆ ಹುಟ್ಟುವಾಗಲೇ ಇರುವ ಕಿಡ್ನಿ, ಮೂತ್ರಕೋಶ, ಮೂತ್ರನಾಳದ ತೊಂದರೆ, ಇವುಗಳ ಪರೀಕ್ಷೆಗೂ ಓಡಾಟಕ್ಕೂ ಅಂತ ಒಂದು ನಿಧಿ ಶುರು ಮಾಡಿದ್ದೇವೆ. ಉಚ್ಚೆ ವಿಷಯ, ನಾಲ್ಕು ಜನರ ಮುಂದೆ ಹೇಗೆ ಮಾತಾಡೋದು ಅಂತ ಕೆಲವರು ಕೇಳಿದರು. ಮಾತಾಡದೆ ಇದ್ದರೆ ಮಕ್ಕಳ ಕಿಡ್ನಿ ಹಾಳಾಗುತ್ತದೆ. ಅದಕ್ಕೇ ಬರೆಯುತ್ತಿದ್ದೇವೆ. ಸ್ವಲ್ಪ ಉದ್ದ ಇದೆ, ದಯವಿಟ್ಟು ಪೂರ್ತಿ ಓದಿ.

ನಮ್ಮ ಕಡೆ ಮಗುವಿಗೆ ಜ್ವರ ಬಂದರೆ ಮನೆಯವರ ತಲೆಗೆ ಏನೇನೋ ಬರುತ್ತದೆ. ಚಳಿಗಾಲ, ಬೇಸಿಗೆ ಆದರೆ ಮಂಗನ ಕಾಯಿಲೆ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಅದು ಪತ್ತೆಯಾದ ಮೇಲೆ ಮಲೆನಾಡಿನವರಿಗೆ ಆ ಭಯ ಹೋಗಿಲ್ಲ, ಹೋಗಲೂಬಾರದು. ಮಳೆಗಾಲ ಆದರೆ ಡೆಂಗ್ಯೂ, ಇಲಿಜ್ವರ. ಅವು ಯಾವುವೂ ಅಲ್ಲ ಅಂದರೆ ಶೀತ, ಇಲ್ಲಾಂದ್ರೆ ಹಲ್ಲು ಬರ್ತಾ ಇದೆ, ದೃಷ್ಟಿ ಆಗಿದೆ, ಉಷ್ಣ ಆಗಿದೆ. ಮೂತ್ರದಲ್ಲಿ ಸೋಂಕು ಇರಬಹುದು ಅಂತ ಮಾತ್ರ ಹೊಳೆಯುವುದೇ ಇಲ್ಲ. ಎರಡು ವರ್ಷದೊಳಗಿನ, ಜ್ವರಕ್ಕೆ ಬೇರೆ ಕಾರಣ ಕಾಣದ ನೂರು ಮಕ್ಕಳನ್ನು ಪರೀಕ್ಷೆ ಮಾಡಿದರೆ ಸುಮಾರು 5ರಿಂದ 7 ಮಕ್ಕಳಲ್ಲಿ ಮೂತ್ರದ ಸೋಂಕು ಸಿಗುತ್ತದೆ. ಇದು ಸಣ್ಣ ಲೆಕ್ಕ ಅಲ್ಲ, ಅಲ್ವಾ?

ದೊಡ್ಡ ಮಕ್ಕಳಾದರೆ ಹೇಳಿಕೊಳ್ಳುತ್ತವೆ. ಉರಿಯುತ್ತೆ, ಹೊಟ್ಟೆ ನೋಯುತ್ತೆ ಅನ್ನುತ್ತವೆ. ಪದೇ ಪದೇ ಎದ್ದು ಹೋಗುತ್ತವೆ. ಹಾಸಿಗೆಯಲ್ಲಿ ಮಾಡಿಕೊಳ್ಳುವುದು ಬಿಟ್ಟಿದ್ದ ಮಗು ಮತ್ತೆ ಶುರು ಮಾಡುತ್ತದೆ. ಹಾಲು ಕುಡಿಯುವ ಕೂಸು ಏನು ಹೇಳೀತು? ಅದಕ್ಕೆ ಬರೀ ಜ್ವರ. ಹಾಲು ಬೇಡ ಅನ್ನುತ್ತದೆ, ವಾಂತಿ ಮಾಡುತ್ತದೆ, ಸುಮ್ನೆ ಅಳುತ್ತಲೇ ಇರುತ್ತದೆ, ತೂಕ ಏರುವುದಿಲ್ಲ. ಎಳೆ ಕೂಸಿಗೆ ಕೆಲವು ಸಲ ಕಾಮಾಲೆ ಹೋಗದೆ ಉಳಿಯುವುದಕ್ಕೂ ಇದೇ ಕಾರಣ ಇರುತ್ತದೆ. ಮೊದಲ ಕೆಲವು ತಿಂಗಳಲ್ಲಿ ಗಂಡುಮಕ್ಕಳಿಗೆ ಜಾಸ್ತಿ, ಒಂದು ವರ್ಷ ದಾಟಿದ ಮೇಲೆ ಹೆಣ್ಣುಮಕ್ಕಳಿಗೆ ಜಾಸ್ತಿ. ಬಹುಪಾಲು ಕೇಸುಗಳಲ್ಲಿ ಕಾರಣ ಇ. ಕೋಲಿ ಅನ್ನುವ ಬ್ಯಾಕ್ಟೀರಿಯಾ. ನಮ್ಮ ಕರುಳಿನಲ್ಲೇ ಇರುವಂಥದ್ದು, ಮೂತ್ರದ ದಾರಿಗೆ ಹತ್ತಿದಾಗ ತೊಂದರೆ ಕೊಡುತ್ತದೆ. ಸರಿಯಾದ ಆಂಟಿಬಯಾಟಿಕ್ ಬಿದ್ದರೆ ವಾಸಿಯಾಗುವ ಕಾಯಿಲೆ ಇದು. ತಡವಾದಷ್ಟೂ ಕಿಡ್ನಿಯಲ್ಲಿ ಕಲೆ ಉಳಿಯುವ ಸಂಭವ ಜಾಸ್ತಿ, ಮತ್ತು ಆ ಕಲೆ ಅಳಿಸುವುದಿಲ್ಲ. ಮುಂದೆ ಬಿ.ಪಿ., ಕೆಲವರಿಗೆ ಕಿಡ್ನಿ ಸೋಲುವುದು ಇಲ್ಲಿಂದಲೇ ಶುರುವಾಗುತ್ತದೆ. ಜ್ವರ ಬಂದ ಎರಡು ಮೂರು ದಿನದೊಳಗೆ ಔಷಧಿ ಶುರುವಾಗಬೇಕು ಅಂತ ಮಕ್ಕಳ ಡಾಕ್ಟರು ಪಟ್ಟು ಹಿಡಿಯುವುದು ಇದಕ್ಕೇ.

ಈ ನಿಧಿ ಬೇಕು ಅಂತ ಸಮಿತಿಗೆ ಅನ್ನಿಸಿದ್ದು ಹೊಸನಗರ ಕಡೆಯ ಒಂದು ಗಂಡು ಕೂಸಿನಿಂದ. ಅಪ್ಪ ಅಮ್ಮ ಇಬ್ಬರೂ ತೋಟದ ಕೂಲಿ. ಕೂಸಿಗೆ ಜ್ವರ ಬರುವುದು, ಸಿರಪ್ ಕುಡಿಸುವುದು, ಇಳಿಯುವುದು, ಮತ್ತೆ ಬರುವುದು. ಹೀಗೇ ನಡೆದಿತ್ತು. ಕೊನೆಗೆ ಅಂಗನವಾಡಿ ಅಕ್ಕ ಗಮನಿಸಿದ್ದು ಜ್ವರವನ್ನಲ್ಲ, ಚಡ್ಡಿಯನ್ನು. ಅದು ಯಾವಾಗಲೂ ಒದ್ದೆ. ಗಂಡುಮಗು ಉಚ್ಚೆ ಹೊಯ್ದರೆ ಧಾರೆ ದೂರ ಹೋಗಬೇಕು, ಮೈಮೇಲೆ ಎತ್ತಿಕೊಂಡವರಿಗೆಲ್ಲ ಅದು ಗೊತ್ತು. ಈ ಕೂಸಿಗೆ ತೊಟ್ಟು ತೊಟ್ಟಾಗಿ ಬರುತ್ತಿತ್ತು, ಮಾಡುವಾಗ ಮುಖ ಕೆಂಪಗೆ ಮಾಡಿ ತಿಣುಕುತ್ತಿತ್ತು. ಸ್ಕ್ಯಾನ್ ಮಾಡಿಸಿದಾಗ ಎರಡೂ ಕಿಡ್ನಿ ಊದಿಕೊಂಡಿದ್ದವು. ಮೂತ್ರ ಹೊರಗೆ ಹೋಗುವ ನಾಳದಲ್ಲಿ ಹುಟ್ಟಿನಿಂದಲೇ ತೆಳ್ಳನೆಯ ಪೊರೆ ಅಡ್ಡ ಇತ್ತು. ಇದು ಗಂಡುಮಕ್ಕಳಿಗೆ ಮಾತ್ರ ಬರುವ ತೊಂದರೆ, ಕೆಲವು ಸಾವಿರ ಕೂಸುಗಳಲ್ಲಿ ಒಂದಕ್ಕೆ ಇರುತ್ತದೆ. ತೋಟದಲ್ಲಿ ನೀರು ಹೋಗುವ ದಂಬೆಯ ಬಾಯಿಗೆ ದರಗು, ಅಂದರೆ ಒಣಗಿದ ಎಲೆ, ಸಿಕ್ಕಿಕೊಂಡರೆ ನೀರು ಹಿಂದಕ್ಕೆ ತುಂಬಿ ಉಕ್ಕುತ್ತದಲ್ಲ, ಹಾಗೆ ಮೂತ್ರ ಹಿಂದಕ್ಕೆ ಒತ್ತಿ ಮೂತ್ರಕೋಶ, ಕಿಡ್ನಿ ಎರಡನ್ನೂ ಕೆಡಿಸುತ್ತದೆ. ದುರ್ಬೀನು ಹಾಕಿ ಆ ಪೊರೆ ಕತ್ತರಿಸುತ್ತಾರೆ. ಹೊಟ್ಟೆ ಕೊಯ್ಯುವ ಆಪರೇಷನ್ ಅಲ್ಲ. ಮಗುವಿಗೆ ಅದು ಆಯಿತು. ಆದರೆ ವರ್ಷಗಟ್ಟಲೆ ತೋರಿಸುತ್ತಲೇ ಇರಬೇಕು, ಅದನ್ನು ಮಧ್ಯದಲ್ಲಿ ಬಿಡುವ ಹಾಗಿಲ್ಲ.

ಹಾಗಂತ ಎಲ್ಲರೂ ಹೆದರಬೇಕಿಲ್ಲ. ಬಸುರಿಯರ ಸ್ಕ್ಯಾನಿಂಗಿನಲ್ಲಿ ಮಗುವಿನ ಕಿಡ್ನಿ ಸ್ವಲ್ಪ ಊದಿದೆ ಅಂತ ಬರೆದುಬಿಟ್ಟರೆ ಮನೆಯಲ್ಲಿ ಅಳು ಶುರುವಾಗುತ್ತದೆ. ಅದರಲ್ಲಿ ಬಹಳಷ್ಟು ತಾನಾಗಿಯೇ ಸರಿಯಾಗುತ್ತವೆ. ಹುಟ್ಟಿದ ಮೇಲೆ ಇನ್ನೊಂದು ಸ್ಕ್ಯಾನ್ ತಪ್ಪಿಸಬಾರದು ಅಷ್ಟೆ. ಮಗು ಚೆನ್ನಾಗೇ ಇದೆಯಲ್ಲ, ಯಾಕೆ ಅಂತ ಆ ರಿಪೋರ್ಟನ್ನು ಬೀರುವಿನಲ್ಲಿ ಇಟ್ಟುಬಿಡುತ್ತಾರೆ, ತೊಂದರೆ ಆಗುವುದು ಅಲ್ಲಿ. ಇನ್ನೊಂದು ಇದೆ, ಮೂತ್ರಕೋಶದಿಂದ ಮೂತ್ರ ವಾಪಸ್ ಕಿಡ್ನಿಯ ಕಡೆಗೆ ಹೋಗುವುದು. ಮೂತ್ರದ ಸೋಂಕು ಆದ ಮಕ್ಕಳಲ್ಲಿ ಸುಮಾರು ಮೂರರಲ್ಲಿ ಒಬ್ಬರಿಗೆ ಇದು ಇರುತ್ತದೆ. ಒಂದರಿಂದ ಐದು ಅಂತ ಗ್ರೇಡ್ ಕೊಡುತ್ತಾರೆ. ಕಡಿಮೆ ಗ್ರೇಡಿನವು ಮಗು ಬೆಳೆದ ಹಾಗೆ ಹೆಚ್ಚಾಗಿ ತಾವೇ ಹೋಗುತ್ತವೆ. ಅಲ್ಲಿವರೆಗೆ ಕೆಲವು ಮಕ್ಕಳಿಗೆ ದಿನಾ ರಾತ್ರಿ ಸ್ವಲ್ಪ ಸ್ವಲ್ಪ ಆಂಟಿಬಯಾಟಿಕ್ ಕೊಡುತ್ತಾರೆ. ಅಮೆರಿಕದಲ್ಲಿ 607 ಮಕ್ಕಳ ಮೇಲೆ ಎರಡು ವರ್ಷ ನೋಡಿ 2014ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಹೀಗೆ ಔಷಧಿ ಕೊಟ್ಟವರಲ್ಲಿ ಸೋಂಕು ಮರುಕಳಿಸುವುದು ಸುಮಾರು ಅರ್ಧಕ್ಕೆ ಇಳಿದಿತ್ತು. ಕಿಡ್ನಿಯ ಕಲೆ ಮಾತ್ರ ಅದರಿಂದ ಕಡಿಮೆಯಾಗಲಿಲ್ಲ. ಅಂದರೆ ಔಷಧಿ ಕೊಟ್ಟು ಸುಮ್ಮನಿರುವಂತಿಲ್ಲ, ಜ್ವರ ಬಂದ ಕೂಡಲೇ ಪರೀಕ್ಷೆ ಆಗಲೇಬೇಕು. ಮತ್ತೆ, ಒಂದು ಮಗುವಿಗೆ ಹೀಗೆ ಮೂತ್ರ ವಾಪಸ್ ಹೋಗುತ್ತಿದ್ದರೆ ಅಕ್ಕ, ತಮ್ಮಂದಿರಿಗೂ ಇರಬಹುದು, ಡಾಕ್ಟರಿಗೆ ಹೇಳಿ.

ಈಗ ದುಡ್ಡಿನ ವಿಷಯ. ಬಿಪಿಎಲ್ ಕಾರ್ಡಿನವರಿಗೆ ಆಯುಷ್ಮಾನ್ ಯೋಜನೆಯಲ್ಲಿ ವರ್ಷಕ್ಕೆ ಒಂದು ಕುಟುಂಬಕ್ಕೆ ₹5 ಲಕ್ಷದವರೆಗೆ ಚಿಕಿತ್ಸೆ ಸಿಗುತ್ತದೆ, ಮತ್ತೆ ನಿಮ್ಮ ಹಣ ಯಾಕೆ ಅಂತ ನೀವು ಕೇಳಬಹುದು. ಸರಿಯಾದ ಪ್ರಶ್ನೆಯೇ. ಅಡ್ಮಿಟ್ ಆಗಿ ಆಪರೇಷನ್ ಆಗುವಾಗ ಆ ಕಾರ್ಡು ದೇವರಿದ್ದ ಹಾಗೆ. ನಮ್ಮವರು ಸೋಲುವುದು ಅಲ್ಲಿವರೆಗೆ ತಲುಪುವ ಮೊದಲು. ಆಗುಂಬೆ ಕಡೆಯಿಂದಲೋ ಹೊಸನಗರ ತಾಲ್ಲೂಕಿನ ನಗರದ ಕಡೆಯಿಂದಲೋ ಮಗು ಎತ್ತಿಕೊಂಡು ಬೆಳಿಗ್ಗೆ ಮೊದಲ ಬಸ್ಸಿಗೆ ಹೊರಟು ಶಿವಮೊಗ್ಗದ ಮೆಗ್ಗಾನ್ ಆಸ್ಪತ್ರೆ ಮುಟ್ಟಬೇಕು. ತುಮರಿ ಕಡೆಯವರಿಗೆ 2025ರಲ್ಲಿ ಶರಾವತಿ ಹಿನ್ನೀರಿಗೆ ಸೇತುವೆ ಆಗಿ ಲಾಂಚ್ ಕಾಯುವುದು ತಪ್ಪಿದೆ, ಅದೊಂದು ಪುಣ್ಯ. ಆದರೂ ಒಂದು ದಿನದ ಕೂಲಿ ಹೋಯಿತು, ಜೊತೆಗೆ ಬಂದವರ ಕೂಲಿಯೂ ಹೋಯಿತು. ಮೂತ್ರ ವಾಪಸ್ ಹೋಗುತ್ತದೋ ನೋಡುವ ಎಕ್ಸ್‌ರೇ, ಕಿಡ್ನಿಯ ಕಲೆ ನೋಡುವ ಸ್ಕ್ಯಾನ್ ಅಂತ ಹೇಳಿದರೆ ಮಣಿಪಾಲಕ್ಕೋ ಬೆಂಗಳೂರಿಗೋ ಹೋಗಬೇಕಾಗುತ್ತದೆ. ಉಳಿಯುವುದಕ್ಕೆ ಲಾಡ್ಜು, ಊಟ, ಆಟೋ. ಅಡಿಕೆ ಕೊಯ್ಲಿನ ಸಮಯದಲ್ಲಾದರೆ ಮುಂದಿನ ತಿಂಗಳು ಹೋದರಾಯ್ತು ಅಂದುಕೊಳ್ಳುತ್ತಾರೆ, ಆ ಮುಂದಿನ ತಿಂಗಳು ಬರುವುದೇ ಇಲ್ಲ. ಇವರನ್ನು ಬೈದು ಪ್ರಯೋಜನ ಇಲ್ಲ. ಕೈಯಲ್ಲಿ ಒಂದಿಷ್ಟು ಬಸ್ ಚಾರ್ಜು ಕೊಟ್ಟು, ಜೊತೆಗೆ ಒಬ್ಬರು ಹೋದರೆ ಅವರು ಖಂಡಿತ ಹೋಗುತ್ತಾರೆ. ನಾವು ಮಾಡಬೇಕಂತಿರುವುದು ಇದೇ.

ಇನ್ನೊಂದು ಖರ್ಚು ಐಸ್ ಬಾಕ್ಸಿನದು. ಕೇಳಿದವರೆಲ್ಲ ಯಾಕೆ ಅಂತ ಆಶ್ಚರ್ಯಪಟ್ಟರು. ಮೂತ್ರದ ಕಲ್ಚರ್ ಪರೀಕ್ಷೆ ಅಂದರೆ ಅದರಲ್ಲಿ ಯಾವ ಬ್ಯಾಕ್ಟೀರಿಯಾ ಬೆಳೆಯುತ್ತದೆ, ಅದಕ್ಕೆ ಯಾವ ಔಷಧಿ ನಾಟುತ್ತದೆ ಅಂತ ನೋಡುವುದು. ಹಿಡಿದ ಮೂತ್ರ ಒಂದು ಗಂಟೆಯೊಳಗೆ ಲ್ಯಾಬ್ ಸೇರಬೇಕು, ಇಲ್ಲಾಂದ್ರೆ 4 ಡಿಗ್ರಿ ತಂಪಿನಲ್ಲಿ ಇರಬೇಕು. ಬಸ್ಸಿನಲ್ಲಿ ಬ್ಯಾಗಿನೊಳಗೆ ಬಂದ ಬಾಟಲಿಯಲ್ಲಿ ದಾರಿಯಲ್ಲೇ ಬ್ಯಾಕ್ಟೀರಿಯಾ ಬೆಳೆದಿರುತ್ತದೆ, ಸೋಂಕು ಇಲ್ಲದ ಮಗುವಿಗೂ ಇದೆ ಅಂತ ರಿಪೋರ್ಟ್ ಬರುತ್ತದೆ. ಔಷಧಿ ಶುರು ಮಾಡಿದ ಮೇಲೆ ಹಿಡಿದರೆ ಇದ್ದ ಸೋಂಕೂ ಕಾಣುವುದಿಲ್ಲ. ಕೂಸಿಗೆ ಚೀಲ ಅಂಟಿಸಿ ಹಿಡಿದರೆ ಚರ್ಮದ ಮೇಲಿನ ಬ್ಯಾಕ್ಟೀರಿಯಾವೂ ಸೇರಿಕೊಳ್ಳುತ್ತದೆ. ಹಾಗಾಗಿ ತೊಳೆದು, ಒರೆಸಿ, ಕೂಸು ಹೊಯ್ಯುವಾಗ ಮಧ್ಯದ ಧಾರೆಯನ್ನು ಶುದ್ಧ ಬಾಟಲಿಗೆ ಹಿಡಿಯಬೇಕು, ಆಗದಿದ್ದರೆ ಆಸ್ಪತ್ರೆಯಲ್ಲಿ ಸಣ್ಣ ನಳಿಗೆ ಹಾಕಿ ತೆಗೆಯುತ್ತಾರೆ.

ಈ ಹಿಡಿಯುವ ಕೆಲಸ ಎಷ್ಟು ಕಷ್ಟ ಅಂತ ಆಸ್ಪತ್ರೆಯ ಬೆಂಚಿನ ಮೇಲೆ ಕೂತ ತಾಯಂದಿರನ್ನು ನೋಡಿದರೆ ಗೊತ್ತಾಗುತ್ತದೆ. ಹಾಲು ಕುಡಿಸಿ, ಮಗುವನ್ನು ತೊಡೆಯ ಮೇಲೆ ಬರಿಮೈಯಲ್ಲಿ ಮಲಗಿಸಿ, ಒಂದು ಕೈಯಲ್ಲಿ ಮುಚ್ಚಳ ತೆಗೆದ ಬಾಟಲಿ ಹಿಡಿದು ಕಣ್ಣು ಮಿಟುಕಿಸದೆ ಕಾಯುತ್ತಾರೆ. ಒಂದು ಕ್ಷಣ ಆ ಕಡೆ ತಿರುಗಿದರೆ ಅದು ಸೀರೆಯ ಮೇಲೆ ಹೊಯ್ದಿರುತ್ತದೆ, ಮತ್ತೆ ಮೊದಲಿಂದ. ತಣ್ಣೀರಲ್ಲಿ ಅದ್ದಿದ ಬಟ್ಟೆಯಿಂದ ಹೊಕ್ಕಳ ಕೆಳಗೆ ಮೆಲ್ಲಗೆ ಉಜ್ಜುತ್ತಾ ಇದ್ದರೆ ಬೇಗ ಹೊಯ್ಯುತ್ತವೆ. ಮನೆಯಲ್ಲೂ ಮಾಡಬಹುದು, ನೆನಪಿಟ್ಟುಕೊಳ್ಳಿ. ಆಶಾ ಕಾರ್ಯಕರ್ತೆಯರ ಹತ್ತಿರ ಐಸ್ ಬಾಕ್ಸು, ಶುದ್ಧ ಬಾಟಲಿ ಇದ್ದರೆ ಇಷ್ಟೂ ಕೆಲಸ ಊರಿನಲ್ಲೇ ಆಗಿ, ಬಾಟಲಿ ಮಾತ್ರ ಶಿವಮೊಗ್ಗಕ್ಕೆ ಹೋಗುತ್ತದೆ. ಆದರೆ ಎಳೆ ಕೂಸಿಗೆ ಜೋರು ಜ್ವರ ಇದ್ದರೆ ಬಾಟಲಿ ಅಲ್ಲ, ಮಗುವೇ ಆಸ್ಪತ್ರೆಗೆ ಹೋಗಬೇಕು.

ಬಾರ್ಲಿ ನೀರು, ಎಳನೀರು, ಕೊತ್ತಂಬರಿ ಕಷಾಯ ಬೇಡ ಅನ್ನುತ್ತಿಲ್ಲ. ದೊಡ್ಡ ಮಕ್ಕಳಿಗೆ ಕುಡಿಸಿ, ಮೂತ್ರ ಚೆನ್ನಾಗಿ ಹೋಗುತ್ತದೆ. ಆದರೆ ಜ್ವರ ಇರುವ ಸೋಂಕು ಅದರಿಂದ ಹೋಗುವುದಿಲ್ಲ. ಆರು ತಿಂಗಳೊಳಗಿನ ಕೂಸಿಗೆ ಎದೆಹಾಲು, ಡಾಕ್ಟರು ಕೊಟ್ಟ ಔಷಧಿ ಬಿಟ್ಟು ಬೇರೆ ಏನೂ ಕೊಡಬೇಡಿ.

ಕೊನೆಯದು ಶಾಲೆಯ ಶೌಚಾಲಯ. ಹೆಣ್ಣುಮಕ್ಕಳು ಬೆಳಿಗ್ಗೆ ಮನೆ ಬಿಟ್ಟವರು ಸಂಜೆ ಮನೆಗೆ ಬಂದೇ ಹೋಗುವುದು ನಿಮ್ಮ ಮನೆಯಲ್ಲೂ ಇದ್ದೀತು, ಕೇಳಿ ನೋಡಿ. ಚಿಲಕ ಇಲ್ಲ, ನೀರಿಲ್ಲ, ಮಳೆಗಾಲದಲ್ಲಿ ಪಾಚಿ ಕಟ್ಟಿ ಜಾರುತ್ತದೆ. ಹೋಗಬೇಕಾಗುತ್ತದೆ ಅಂತ ನೀರೇ ಕುಡಿಯುವುದಿಲ್ಲ. ಗಂಟೆಗಟ್ಟಲೆ ಕಟ್ಟಿಕೊಂಡು ಕೂತರೆ ಸೋಂಕು ಪದೇ ಪದೇ ಬರುತ್ತದೆ, ಮಲಬದ್ಧತೆಯೂ ಸೇರಿಕೊಂಡರೆ ಇನ್ನೂ ಜಾಸ್ತಿ. ಎಷ್ಟು ಮಾತ್ರೆ ನುಂಗಿಸಿದರೂ ಚಿಲಕ ಸರಿ ಮಾಡದೆ ಇದು ನಿಲ್ಲುವುದಿಲ್ಲ. ಬಾಗಿಲು, ಚಿಲಕ, ನಲ್ಲಿ, ಟ್ಯಾಂಕು, ಒಂದು ಬಕೆಟ್, ಒಂದು ಮಗ್, ಇಷ್ಟನ್ನು ನಮ್ಮ ಸುತ್ತಿನ ಸರ್ಕಾರಿ ಶಾಲೆಗಳಲ್ಲಿ ಸರಿ ಮಾಡಿಸಬೇಕು ಅಂತಿದ್ದೇವೆ. ಮರಗೆಲಸ, ಪ್ಲಂಬಿಂಗ್ ಗೊತ್ತಿರುವವರು ದುಡ್ಡಿನ ಬದಲು ಒಂದು ಭಾನುವಾರ ಕೊಟ್ಟರೂ ಸಾಕು.

ಅಡಿಕೆಗೆ ಎಲೆಚುಕ್ಕಿ ರೋಗ, ಕೊಳೆ ಅಂತ ತೋಟದವರು ಎಷ್ಟು ಸೋತಿದ್ದಾರೆ ಅನ್ನುವುದು ನಮಗೂ ಗೊತ್ತು, ನಮ್ಮಲ್ಲಿ ಹೆಚ್ಚಿನವರು ತೋಟದವರೇ. ಹಾಗಾಗಿ ಇಷ್ಟೇ ಕೊಡಿ ಅಂತ ಕೇಳುವುದಿಲ್ಲ. ನೂರು ರೂಪಾಯಿ ಕೊಟ್ಟರೂ ಒಂದು ಕಡೆಯ ಬಸ್ ಚಾರ್ಜಿಗೆ ಆಗುತ್ತದೆ. ಕೆಲವು ನೂರು ಕೊಟ್ಟರೆ ಒಂದು ಮಗುವಿನ ಕಲ್ಚರ್ ಪರೀಕ್ಷೆ ಮುಗಿಯುತ್ತದೆ. ಮಗುವಿನ ನಾಮಕರಣಕ್ಕೆ, ಹುಟ್ಟುಹಬ್ಬಕ್ಕೆ ದೇವರಿಗೆ ಸೇವೆ ಮಾಡಿಸುವವರು ಅದರ ಜೊತೆಗೆ ಈ ನಿಧಿಗೂ ಒಂದು ರಸೀದಿ ಮಾಡಿಸಬಹುದು. ಬೆಂಗಳೂರಿನಲ್ಲೋ ಹೊರದೇಶದಲ್ಲೋ ಇರುವ ನಮ್ಮ ಊರಿನ ಮಕ್ಕಳು ಒಂದು ಕುಟುಂಬದ ಓಡಾಟದ ಪೂರ್ತಿ ಖರ್ಚು ಹೊತ್ತುಕೊಂಡರೆ ತುಂಬಾ ದೊಡ್ಡ ಉಪಕಾರ.

ಹಣ ಯಾರ ಕೈಗೂ ಕೊಡಬೇಡಿ, ಕೌಂಟರಿನಲ್ಲಿ ರಸೀದಿ ಮಾಡಿಸಿ ಇಲ್ಲವೇ ಸಮಿತಿಯ ಬ್ಯಾಂಕ್ ಖಾತೆಗೆ ಹಾಕಿ, ಷರಾದಲ್ಲಿ 'ಮಕ್ಕಳ ನಿಧಿ' ಅಂತ ಬರೆಯಿರಿ. 80ಜಿ ತೆರಿಗೆ ರಿಯಾಯಿತಿ ಬೇಕಾದವರು ಗಮನಿಸಿ, ₹2,000ಕ್ಕಿಂತ ಜಾಸ್ತಿ ನಗದು ಕೊಟ್ಟರೆ ಅದು ಸಿಗುವುದಿಲ್ಲ. ಖರ್ಚಿನ ಲೆಕ್ಕ ಪ್ರತಿ ತಿಂಗಳು ದೇವಸ್ಥಾನದ ಬೋರ್ಡಿನಲ್ಲಿ ಹಾಕುತ್ತೇವೆ. ಮಕ್ಕಳ ಹೆಸರು, ಫೋಟೋ ಎಲ್ಲೂ ಹಾಕುವುದಿಲ್ಲ, ದಯವಿಟ್ಟು ಕೇಳಬೇಡಿ.

ನಿಮ್ಮ ಮನೆಯಲ್ಲೋ ಪಕ್ಕದ ಮನೆಯಲ್ಲೋ ಕಾರಣ ಗೊತ್ತಾಗದ ಜ್ವರ ಪದೇ ಪದೇ ಬರುವ ಮಗು ಇದ್ದರೆ, ಧಾರೆ ಸರಿಯಾಗಿ ಬರದ ಗಂಡು ಕೂಸಿದ್ದರೆ, ಸ್ಕ್ಯಾನ್ ರಿಪೋರ್ಟ್ ಬೀರುವಿನಲ್ಲೇ ಉಳಿದಿದ್ದರೆ ಮೊದಲು ಡಾಕ್ಟರಿಗೆ ತೋರಿಸಿ. ದುಡ್ಡಿಲ್ಲ, ಜೊತೆಗೆ ಬರುವವರಿಲ್ಲ ಅಂದರೆ ಬೆಳಗಿನ ಪೂಜೆ ಮುಗಿದ ಮೇಲೆ ಕೌಂಟರಿನಲ್ಲಿ ಒಬ್ಬರು ಇರುತ್ತಾರೆ, ಬಂದು ಹೇಳಿ. ಯಾವ ಜಾತಿ, ಯಾವ ಧರ್ಮ ಅಂತ ಯಾರೂ ಕೇಳುವುದಿಲ್ಲ. ಹಳೆಯ ಚೀಟಿ, ರಿಪೋರ್ಟು ಏನಿದ್ದರೂ ತನ್ನಿ.