ಗೇಟಿನ ಮುಂದೆ ಕಳೆದ ಗಂಟೆಗಳು

ಮಾನ್ಯ ಸಂಪಾದಕರೇ,

ಹೆದ್ದಾರಿಯ ಪಯಣದ ಸೊಗಸನ್ನು ವರ್ಣಿಸುವ ಲೇಖನವೊಂದು ನಿಮ್ಮ ಭಾನುವಾರದ ಪುರವಣಿಯಲ್ಲಿ ಬಂದಿತ್ತು. ಓದಲು ಚೆನ್ನಾಗಿಯೇ ಇತ್ತು. ಆದರೆ ಅದನ್ನು ಬರೆದವರು ಗೋದಾಮಿನ ಗೇಟಿನ ಮುಂದೆ ಲಾರಿಗಳ ಸಾಲಿನಲ್ಲಿ ಒಂದು ರಾತ್ರಿಯನ್ನೂ ಕಳೆದಿರಲಾರರು. ಇಪ್ಪತ್ತಾರು ವರ್ಷ ಲಾರಿ ಓಡಿಸಿದ ನನಗೆ ದಾರಿಗಿಂತ ಹೆಚ್ಚು ನೆನಪಿರುವುದು ಆ ಗೇಟುಗಳೇ.

ಸರಕು ಇಳಿಸುವ ಸರದಿ ಐದು ಗಂಟೆ ಕಾದ ಮೇಲೆ ಬರಬಹುದು, ಹತ್ತು ಗಂಟೆ ಕಾದ ಮೇಲೂ ಬರಬಹುದು. ಮಲಗೋಣವೆಂದರೆ ಮುಂದಿನ ಗಾಡಿ ಸರಿದ ಕೂಡಲೇ ನಮ್ಮದನ್ನೂ ಸರಿಸಬೇಕು. ಕಣ್ಣು ಹತ್ತುವಷ್ಟರಲ್ಲಿ ಹಿಂದಿನವನ ಹಾರ್ನ್. ಇಳಿದು ಹೋಗೋಣವೆಂದರೆ ಸರಕಿನ ಹೊಣೆ ನಮ್ಮ ತಲೆಯ ಮೇಲೆ. ಗಾಡಿ ನಿಂತಿದ್ದಕ್ಕೆ ಮಾಲೀಕರಿಗೆ ಹಾಲ್ಟಿಂಗ್ ಹಣ ಸಿಗುವುದುಂಟು. ಟ್ರಿಪ್ಪಿಗಿಷ್ಟು, ಕಿಲೋಮೀಟರಿಗಿಷ್ಟು ಎಂದು ದುಡಿಯುವ ಚಾಲಕನಿಗೆ ಬಿಡಿಗಾಸೂ ಇಲ್ಲ.

ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆಯು 1979ರಲ್ಲೇ ರಸ್ತೆ ಸಾರಿಗೆಯ ಚಾಲಕರಿಗಾಗಿ 153ನೇ ಒಡಂಬಡಿಕೆಯನ್ನು ರೂಪಿಸಿತು. ಚಾಲನೆ ದಿನಕ್ಕೆ 9 ಗಂಟೆ, ವಾರಕ್ಕೆ 48 ಗಂಟೆ ಮೀರಬಾರದು ಎಂದಿತು. ಕಾಯುವ ಹೊತ್ತಿನ ವಿಷಯ ಬಂದಾಗ ಮಾತ್ರ ಅದರ ದನಿ ತಗ್ಗಿತು. ಅದನ್ನು ದುಡಿಮೆಯೆಂದು ಪರಿಗಣಿಸಬಹುದು, ಎಷ್ಟರ ಮಟ್ಟಿಗೆ ಎಂಬುದನ್ನು ಆಯಾ ದೇಶಗಳೇ ನಿಗದಿಪಡಿಸಲಿ ಎಂದುಬಿಟ್ಟಿತು. ಆ ಒಂದು ‘ಬಹುದು’ವಿನ ಸಂದಿಯಲ್ಲಿ ನಮ್ಮ ಎಷ್ಟು ರಾತ್ರಿಗಳು ಸೋರಿಹೋದವೋ!

ಹೀಗೆ ಕಳೆದುಕೊಂಡ ಹೊತ್ತನ್ನು ನಾವು ನಿದ್ದೆ ಕದ್ದು ತುಂಬಿಸಿದ್ದೇವೆ, ಸುಳ್ಳೇಕೆ ಹೇಳಲಿ. ಬೆಳಗಿನ ಜಾವ ಲಾರಿ ಉರುಳಿದರೆ ಪತ್ರಿಕೆಗಳು ‘ಚಾಲಕನ ಅಜಾಗರೂಕತೆ’ ಎಂದು ಬರೆಯುತ್ತವೆ. ಹಿಂದಿನ ದಿನ ಅವನು ಎಷ್ಟು ಗಂಟೆ ಗೇಟಿನಲ್ಲಿ ಕಾದಿದ್ದ ಎಂದು ಯಾವ ವರದಿಗಾರರೂ ವಿಚಾರಿಸಿದ್ದನ್ನು ನಾನು ಓದಿಲ್ಲ.

ಅಂದಹಾಗೆ, 28 ವರ್ಷ ಸರಕು ವಾಹನ ಓಡಿಸಿದ ಚಾಲಕರೊಬ್ಬರ ಚಿತ್ರ 2012ರಲ್ಲಿ ಅಮೆರಿಕದ ವೈದ್ಯಕೀಯ ಪತ್ರಿಕೆಯೊಂದರಲ್ಲಿ ಪ್ರಕಟವಾಗಿತ್ತು. ಕಿಟಕಿಯ ಕಡೆಯ ಅರ್ಧ ಮುಖವಷ್ಟೇ ದಪ್ಪಗಟ್ಟಿ, ನೆರಿಗೆ ಬಿದ್ದಿತ್ತು. ಗಾಜನ್ನೂ ದಾಟಿ ಬರುವ ನೇರಳಾತೀತ ಕಿರಣಗಳ ಕೆಲಸವದು. ನನ್ನ ಎರಡು ತೋಳುಗಳ ಬಣ್ಣವೂ ಇನ್ನೂ ಒಂದಾಗಿಲ್ಲ. ಮೊಮ್ಮಗಳು ಪಕ್ಕಪಕ್ಕ ಇಟ್ಟು ನೋಡಿ ನಗುತ್ತಾಳೆ.

ಗೇಟಿನಲ್ಲಿ ಕಾದ ಹೊತ್ತಿನ ಲೆಕ್ಕ ಹಿಡಿಯುವುದು ಕಷ್ಟ ಎನ್ನುವವರಿಗೆ ಒಂದು ಮಾತು. ಲಾರಿ ಬಂದ ಹೊತ್ತು, ಹೊರಟ ಹೊತ್ತು ಎರಡನ್ನೂ ಗೇಟಿನ ಕಾವಲುಗಾರ ರಿಜಿಸ್ಟರಿನಲ್ಲಿ ಬರೆದೇ ಬಿಡುತ್ತಾನೆ. ಆ ಪುಟವನ್ನೇ ನೋಡಿ, ಎರಡು ಗಂಟೆ ಮೀರಿ ಕಾದ ಪ್ರತಿ ಗಂಟೆಗೂ ಚಾಲಕನಿಗೆ ಕೂಲಿ ಕೊಡಲಿ. ಸರಕಿನವರು ಕೊಡಬೇಕೋ ಲಾರಿ ಮಾಲೀಕರು ಕೊಡಬೇಕೋ ಎಂಬುದನ್ನು ಅವರವರೇ ಇತ್ಯರ್ಥ ಮಾಡಿಕೊಳ್ಳಲಿ.

– ಒಬ್ಬ ನಿವೃತ್ತ ಲಾರಿ ಚಾಲಕ